ಬಿಟ್ಟುಹೋಗುವ ಬಡ್ಡಿ: ನಿವೃತ್ತಿ ಸೌಲಭ್ಯಗಳ ವಿಳಂಬ ಮತ್ತು ಕಾನೂನಿನ ದಾರಿಗಳು

(ಕೋಲಾರದಲ್ಲಿ ನಿವೃತ್ತ ನೌಕರರ ದಿನದಂದು ವಕೀಲರೊಬ್ಬರು ನೀಡಿದ ಉಪನ್ಯಾಸದ ಬರಹ ರೂಪ)

ಡಿಸೆಂಬರ್ 17ನ್ನು ನಿವೃತ್ತ ನೌಕರರ ದಿನವೆಂದು ಆಚರಿಸುವುದಕ್ಕೆ ಕಾರಣ ಒಂದು ತೀರ್ಪು. 1982ರಲ್ಲಿ ಇದೇ ದಿನ, ಡಿ.ಎಸ್. ನಕಾರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಐವರು ನ್ಯಾಯಮೂರ್ತಿಗಳ ಸಂವಿಧಾನ ಪೀಠವು, ಪಿಂಚಣಿಯು ಸರ್ಕಾರ ಮನಸ್ಸು ಬಂದಾಗ ಕೊಡುವ ಇನಾಮಲ್ಲ, ಹಿಂದೆ ಸಲ್ಲಿಸಿದ ಸೇವೆಗೆ ಸಲ್ಲಬೇಕಾದ ಪ್ರತಿಫಲ ಎಂದು ಹೇಳಿತು. ಅದಕ್ಕೂ ಮೊದಲೇ, 1971ರ ದೇವಕಿನಂದನ ಪ್ರಸಾದ್ ಪ್ರಕರಣದಲ್ಲಿ, ಪಿಂಚಣಿಯ ಹಕ್ಕು ಆಸ್ತಿಯ ಹಕ್ಕು ಎಂದು ಅದೇ ನ್ಯಾಯಾಲಯ ಹೇಳಿಯಾಗಿತ್ತು. ಆದ್ದರಿಂದ ನಿವೃತ್ತಿ ಸೌಲಭ್ಯ ನಮ್ಮ ಹಕ್ಕೋ ಅಲ್ಲವೋ ಎಂಬ ಪ್ರಶ್ನೆ ಇತ್ಯರ್ಥವಾಗಿ ಅರ್ಧ ಶತಮಾನ ಕಳೆದಿದೆ. ಈಗ ನ್ಯಾಯಾಲಯಗಳ ಮುಂದೆ ಬರುತ್ತಿರುವ ವ್ಯಾಜ್ಯಗಳಲ್ಲಿ ಬಹುಪಾಲು ಹಕ್ಕಿನ ಬಗ್ಗೆ ಅಲ್ಲ, ಕಾಲದ ಬಗ್ಗೆ. ಕೊಡುವುದಿಲ್ಲ ಎಂದು ಯಾವ ಕಚೇರಿಯೂ ಹೇಳುವುದಿಲ್ಲ. ಕಡತ ಚಾಲ್ತಿಯಲ್ಲಿದೆ ಎಂದು ಹೇಳುತ್ತದೆ.

ಈ ಭಾಗದಲ್ಲಿ ಸೇವಾ ಮತ್ತು ಕಾರ್ಮಿಕ ಪ್ರಕರಣಗಳನ್ನು ನಡೆಸುತ್ತಾ ಬಂದಿರುವ ನಾನು ಇಂದು ಮುಖ್ಯವಾಗಿ ಹೇಳಬೇಕೆಂದಿರುವುದು ಬಡ್ಡಿಯ ವಿಚಾರ. ನಮ್ಮ ಬಳಿ ಬರುವ ನಿವೃತ್ತರಲ್ಲಿ ಹೆಚ್ಚಿನವರು ಅಸಲು ಕೈಗೆ ಬಂದ ದಿನ ಪ್ರಕರಣ ಮುಗಿಯಿತೆಂದು ತಿಳಿಯುತ್ತಾರೆ. ಎರಡು ವರ್ಷ, ಮೂರು ವರ್ಷ ತಮ್ಮ ದುಡ್ಡನ್ನು ಇನ್ನೊಬ್ಬರು ಇಟ್ಟುಕೊಂಡಿದ್ದರು ಎಂಬ ಸಂಗತಿ ಅವರಿಗೆ ದುಃಖದ ವಿಷಯವಾಗಿ ಕಾಣುತ್ತದೆಯೇ ಹೊರತು ಲೆಕ್ಕದ ವಿಷಯವಾಗಿ ಕಾಣುವುದಿಲ್ಲ. ಮನೆ ಸಾಲಕ್ಕೆ ತಾವು ಒಂದು ಕಂತು ತಪ್ಪಿದರೆ ಬ್ಯಾಂಕು ದಿನ ಎಣಿಸಿ ಬಡ್ಡಿ ಹಾಕುವುದನ್ನು ಕಂಡವರೇ ಇವರು. ವಿಳಂಬಕ್ಕೆ ಬೆಲೆ ಇಲ್ಲದಿದ್ದರೆ ವಿಳಂಬ ಮಾಡುವವರಿಗೆ ಅವಸರವೂ ಇರುವುದಿಲ್ಲ.

ಕೇಳದ ಬಡ್ಡಿ ಸಿಗುವುದಿಲ್ಲ ಎಂಬುದಕ್ಕೆ ಅತ್ಯುನ್ನತ ನ್ಯಾಯಾಲಯದಲ್ಲೇ ಒಂದು ನಿದರ್ಶನವಿದೆ. 1985ರಲ್ಲಿ ವರದಿಯಾದ ಕೇರಳ ಸರ್ಕಾರ ಮತ್ತು ಎಂ. ಪದ್ಮನಾಭನ್ ನಾಯರ್ ನಡುವಿನ ಪ್ರಕರಣ ಅದು. ಆ ನೌಕರರು 1973ರ ಮೇ 19ರಂದು ನಿವೃತ್ತರಾದರು. ಪಿಂಚಣಿ ಮತ್ತು ಉಪದಾನದ (ಗ್ರಾಚ್ಯುಟಿ) ಹಣ ಬಂದದ್ದು 1975ರ ಆಗಸ್ಟ್ 14ರಂದು. ಸರ್ಕಾರ ಕೊಟ್ಟ ಕಾರಣವನ್ನು ನೀವೆಲ್ಲರೂ ಒಂದಲ್ಲ ಒಂದು ಬಾರಿ ಕೇಳಿರುತ್ತೀರಿ: ಅಂತಿಮ ವೇತನ ಪ್ರಮಾಣಪತ್ರ ಬಂದಿರಲಿಲ್ಲ, ನೌಕರನಿಂದ ಬಾಕಿ ಏನೂ ಇಲ್ಲವೆಂಬ ಬೇಬಾಕಿ ಪ್ರಮಾಣಪತ್ರ ಬಂದಿರಲಿಲ್ಲ. ನೌಕರ ಯಾವ ದಿನ ನಿವೃತ್ತನಾಗುತ್ತಾನೆ ಎಂಬುದು ಮೊದಲೇ ಗೊತ್ತಿರುವಾಗ, ಈ ಕಾಗದಗಳನ್ನು ಕನಿಷ್ಠ ಒಂದು ವಾರ ಮುಂಚೆ ಸಿದ್ಧಪಡಿಸಲು ಏನು ಅಡ್ಡಿ ಎಂದು ನ್ಯಾಯಾಲಯ ಕೇಳಿತು. ನಿವೃತ್ತಿಯಾಗಿ ಎರಡು ತಿಂಗಳು ಕಳೆದ ಮೇಲೆ ಚಾಲ್ತಿ ಮಾರುಕಟ್ಟೆ ದರದಲ್ಲಿ ಬಡ್ಡಿ ಕೊಡುವ ಹೊಣೆ ಆರಂಭವಾಗಬೇಕು ಎಂದೂ ಹೇಳಿತು. ಆದರೆ ಅದೇ ತೀರ್ಪಿನ ಕೊನೆಯ ಭಾಗವನ್ನು ಉಲ್ಲೇಖಿಸುವವರು ಕಡಿಮೆ. ನಾಯರ್ ಅವರು ದಾವೆಯಲ್ಲಿ ಶೇಕಡಾ 12 ಬಡ್ಡಿ ಕೇಳಿದ್ದರು. ಕೆಳಗಿನ ನ್ಯಾಯಾಲಯ ಶೇಕಡಾ 6 ಕೊಟ್ಟಿತು. ಹೈಕೋರ್ಟಿನಲ್ಲಿ ಅವರು ಅದರ ವಿರುದ್ಧ ಪ್ರತ್ಯಾಕ್ಷೇಪ ಸಲ್ಲಿಸಲಿಲ್ಲ. ಶೇಕಡಾ 12 ಕೊಡುವ ಮನಸ್ಸು ತಮಗೆ ಇತ್ತಾದರೂ ಅವರು ಸುಮ್ಮನಿದ್ದ ಕಾರಣ ಹೆಚ್ಚಿಸಲಾಗದು ಎಂದು ಸುಪ್ರೀಂ ಕೋರ್ಟ್ ಬರೆಯಿತು. ಗೆದ್ದವರೂ ಅರ್ಧ ಬಡ್ಡಿಯನ್ನು ಬಿಟ್ಟುಬಂದರು.

ವಿಳಂಬ ಹುಟ್ಟುವುದು ಎಲ್ಲಿ ಎಂಬುದನ್ನು ನೋಡೋಣ. ಸರ್ಕಾರಿ ನೌಕರರ ವಿಷಯದಲ್ಲಿ ಅದು ಸಾಮಾನ್ಯವಾಗಿ ಮಹಾಲೇಖಪಾಲರ ಕಚೇರಿಯಲ್ಲೂ ಹುಟ್ಟುವುದಿಲ್ಲ, ಖಜಾನೆಯಲ್ಲೂ ಹುಟ್ಟುವುದಿಲ್ಲ. ಸೇವಾ ಪುಸ್ತಕದಲ್ಲಿ ಹುಟ್ಟುತ್ತದೆ. ಶ್ರೀನಿವಾಸಪುರದಲ್ಲಿ ಸೇವೆಗೆ ಸೇರಿ, ಬಂಗಾರಪೇಟೆಗೆ ವರ್ಗವಾಗಿ, ಮುಳಬಾಗಿಲಿನಲ್ಲಿ ನಿವೃತ್ತರಾಗುವ ಒಬ್ಬ ದ್ವಿತೀಯ ದರ್ಜೆ ಸಹಾಯಕರನ್ನು ಊಹಿಸಿಕೊಳ್ಳಿ. ಮೊದಲ ಕಚೇರಿಯ ಎರಡು ವರ್ಷಗಳ ಸೇವಾ ಪರಿಶೀಲನೆಯ ಷರಾ ಪುಸ್ತಕದಲ್ಲಿ ಇಲ್ಲ. ಗಳಿಕೆ ರಜೆಯ ಲೆಕ್ಕದಲ್ಲಿ ಒಂದು ಪುಟ ಖಾಲಿ. ಕಾಲಮಿತಿ ಬಡ್ತಿಯ ವೇತನ ನಿಗದಿಗೆ ಆದೇಶದ ಸಂಖ್ಯೆ ಬರೆದಿದ್ದಾರೆ, ಸಹಿ ಇಲ್ಲ. ನಾಮನಿರ್ದೇಶನದ ಪತ್ರದಲ್ಲಿ ಪತ್ನಿಯ ಹೆಸರು ಒಂದು ರೀತಿ, ಆಧಾರ್‌ನಲ್ಲಿ ಇನ್ನೊಂದು ರೀತಿ. ಇವೆಲ್ಲವೂ ಸೇವೆಯಲ್ಲಿದ್ದಾಗ ಅರ್ಧ ದಿನದ ಕೆಲಸ. ಪಿಂಚಣಿ ಪ್ರಸ್ತಾವನೆ ಬೆಂಗಳೂರಿಗೆ ಹೋಗಿ ಆಕ್ಷೇಪಣೆಯೊಂದಿಗೆ ಹಿಂದಿರುಗಿದ ಮೇಲೆ ಅದೇ ಕೆಲಸಕ್ಕೆ ತಿಂಗಳುಗಳು ಬೇಕು, ಏಕೆಂದರೆ ಅಷ್ಟರಲ್ಲಿ ಹಳೆಯ ಕಚೇರಿಯ ವಿಷಯ ನಿರ್ವಾಹಕರು ಎರಡು ಬಾರಿ ಬದಲಾಗಿರುತ್ತಾರೆ ಮತ್ತು ಹಳೆಯ ವೇತನ ಬಟವಾಡೆ ಪುಸ್ತಕ ಯಾವ ಬೀರುವಿನಲ್ಲಿದೆ ಎಂದು ಹೇಳಬಲ್ಲವರು ಯಾರೂ ಉಳಿದಿರುವುದಿಲ್ಲ. ಕಾನೂನಿನ ದೃಷ್ಟಿಯಲ್ಲಿ ಸೇವಾ ಪುಸ್ತಕವನ್ನು ಸರಿಯಾಗಿ ಇಟ್ಟುಕೊಳ್ಳುವ ಹೊಣೆ ಕಚೇರಿಯದು. ಆದರೂ ನಿವೃತ್ತಿಗೆ ಒಂದೆರಡು ವರ್ಷ ಇರುವಾಗಲೇ ಪುಸ್ತಕವನ್ನು ಕೇಳಿ ಪುಟಪುಟವಾಗಿ ನೋಡಿ, ಕೊರತೆಗಳನ್ನು ಲಿಖಿತವಾಗಿ ತಿಳಿಸಿದ ನೌಕರರಿಗೆ ಮುಂದೆ ನ್ಯಾಯಮಂಡಳಿಯಲ್ಲಿ ಒಂದು ದೊಡ್ಡ ಅನುಕೂಲವಿದೆ: ತಪ್ಪು ನನ್ನದಲ್ಲ ಎಂದು ತೋರಿಸಲು ದಿನಾಂಕ ಇರುವ ಕಾಗದ ಅವರ ಕೈಯಲ್ಲಿರುತ್ತದೆ.

ಸೇವಾ ಪುಸ್ತಕ ಪರಿಶೀಲನೆಯ ಹೊತ್ತಿನಲ್ಲೇ ಇನ್ನೊಂದು ತೊಂದರೆ ಎದುರಾಗುತ್ತದೆ. ಹದಿನೈದು ವರ್ಷದ ಹಿಂದೆ ವೇತನ ನಿಗದಿಯಲ್ಲಿ ಆದ ತಪ್ಪಿನಿಂದ ಹೆಚ್ಚುವರಿ ಹಣ ಪಾವತಿಯಾಗಿದೆ, ಅದನ್ನು ಉಪದಾನದಲ್ಲಿ ಕಡಿತ ಮಾಡಲಾಗುವುದು ಎಂಬ ಜ್ಞಾಪನ ಕೊನೆಯ ತಿಂಗಳಲ್ಲಿ ಕೈಸೇರುತ್ತದೆ. 2014ರ ಡಿಸೆಂಬರ್ 18ರಂದು ಪಂಜಾಬ್ ಸರ್ಕಾರ ಮತ್ತು ರಫೀಕ್ ಮಸೀಹ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇಂಥ ವಸೂಲಿಗೆ ಮಿತಿ ಹಾಕಿದೆ. ಮೂರನೆಯ ಮತ್ತು ನಾಲ್ಕನೆಯ ವರ್ಗದ, ಅಂದರೆ ನಮ್ಮ ಸಿ ಮತ್ತು ಡಿ ಗುಂಪಿನ, ನೌಕರರಿಂದ ವಸೂಲಿ ಮಾಡುವಂತಿಲ್ಲ. ನಿವೃತ್ತರಾದವರಿಂದ ಅಥವಾ ಒಂದು ವರ್ಷದೊಳಗೆ ನಿವೃತ್ತರಾಗುವವರಿಂದ ಮಾಡುವಂತಿಲ್ಲ. ಐದು ವರ್ಷಕ್ಕಿಂತ ಹೆಚ್ಚು ಕಾಲ ಪಾವತಿಯಾಗಿ ಹೋದದ್ದನ್ನು ಕೇಳುವಂತಿಲ್ಲ. ಇದು ತಿಳಿದವರು ಬಹಳ ಮಂದಿ ಇದ್ದಾರೆ. ಅದರ ಇನ್ನೊಂದು ಮುಖ ತಿಳಿದವರು ಕಡಿಮೆ. 2016ರಲ್ಲಿ ಜಗದೇವ್ ಸಿಂಗ್ ಪ್ರಕರಣದಲ್ಲಿ, ಹೆಚ್ಚುವರಿ ಪಾವತಿಯಾಗಿದ್ದರೆ ಮರಳಿಸುತ್ತೇನೆ ಎಂದು ವೇತನ ಪರಿಷ್ಕರಣೆಯ ಸಮಯದಲ್ಲಿ ಮುಚ್ಚಳಿಕೆ ಬರೆದುಕೊಟ್ಟ ಅಧಿಕಾರಿ ಆ ಮಾತಿಗೆ ಬದ್ಧ ಎಂದು ಅದೇ ನ್ಯಾಯಾಲಯ ಹೇಳಿತು. ವೇತನ ಆಯೋಗದ ಶಿಫಾರಸು ಜಾರಿಯಾದಾಗಲೆಲ್ಲ ಗುಂಪಾಗಿ ನಿಂತು ಸಹಿ ಹಾಕುವ ಮುದ್ರಿತ ನಮೂನೆಗಳನ್ನು ಓದಿ ಸಹಿ ಹಾಕುವ ಅಭ್ಯಾಸ ನಮ್ಮಲ್ಲಿ ಇಲ್ಲ.

ಇಲಾಖಾ ವಿಚಾರಣೆ ಬಾಕಿ ಇರುವ ಪ್ರಕರಣಗಳು ಬೇರೆ ಬಗೆಯವು. ಕರ್ನಾಟಕ ನಾಗರಿಕ ಸೇವಾ ನಿಯಮಾವಳಿಯ 214ನೇ ನಿಯಮದಂತೆ, ವಿಚಾರಣೆ ಅಥವಾ ನ್ಯಾಯಾಲಯದ ಮೊಕದ್ದಮೆ ಮುಗಿಯುವವರೆಗೆ ಉಪದಾನವನ್ನು ತಡೆಹಿಡಿಯಬಹುದು. ತಾತ್ಕಾಲಿಕ ಪಿಂಚಣಿ ಮಾತ್ರ ನಡೆಯುತ್ತದೆ. ಇದರಲ್ಲಿ ಗಮನಿಸಬೇಕಾದ ಎರಡು ಅಂಶಗಳಿವೆ. ವಿಚಾರಣೆ ಆರಂಭವಾಯಿತು ಎನ್ನಲು ದೋಷಾರೋಪಣೆ ಪಟ್ಟಿ ಜಾರಿಯಾಗಿರಬೇಕು ಅಥವಾ ನೌಕರ ಅದಕ್ಕೆ ಮುಂಚಿನಿಂದ ಅಮಾನತಿನಲ್ಲಿರಬೇಕು. ವಿಚಾರಣೆ ನಡೆಸುವ ಬಗ್ಗೆ ಪತ್ರ ವ್ಯವಹಾರ ನಡೆಯುತ್ತಿದೆ ಎಂಬುದು ಸಾಲದು. ನಿವೃತ್ತಿಯ ನಂತರ ಹೊಸದಾಗಿ ವಿಚಾರಣೆ ಆರಂಭಿಸುವುದಾದರೆ, ಆರೋಪಿತ ಘಟನೆ ಅದಕ್ಕೆ ನಾಲ್ಕು ವರ್ಷಕ್ಕಿಂತ ಹಿಂದಿನದ್ದಾಗಿರಬಾರದು. ತಡೆಹಿಡಿಯಲು ನಿಯಮದ ಆಧಾರವೇ ಇಲ್ಲದಿದ್ದರೆ ಏನಾಗುತ್ತದೆ ಎಂಬುದನ್ನು 2013ರ ಜಾರ್ಖಂಡ್ ಸರ್ಕಾರ ಮತ್ತು ಜಿತೇಂದ್ರ ಕುಮಾರ್ ಶ್ರೀವಾಸ್ತವ ಪ್ರಕರಣ ಹೇಳುತ್ತದೆ: ಪಿಂಚಣಿ ಮತ್ತು ಉಪದಾನ ಸಂವಿಧಾನದ 300ಎ ವಿಧಿಯ ಅರ್ಥದಲ್ಲಿ ಆಸ್ತಿ, ಅದನ್ನು ಬರಿಯ ಆಡಳಿತಾತ್ಮಕ ಸೂಚನೆಯಿಂದ ತಡೆಯಲಾಗದು. ವಿಚಾರಣೆಯಿಂದ ಬಿಡುಗಡೆಯಾದವರ ಬಡ್ಡಿಯ ವಿಷಯದಲ್ಲಿ ಎಸ್.ಕೆ. ದುವಾ ಪ್ರಕರಣ ಮುಖ್ಯ. ಹರಿಯಾಣದ ಆ ಎಂಜಿನಿಯರ್ 1998ರಲ್ಲಿ ನಿವೃತ್ತರಾದರು, ಆರೋಪಗಳು ಕೈಬಿಟ್ಟ ಮೇಲೆ 2002ರಲ್ಲಿ ಹಣ ಬಂತು, ಬಡ್ಡಿ ಬರಲಿಲ್ಲ. ಬಡ್ಡಿ ಕೊಡಬೇಕೆಂಬ ನಿಯಮ ಇದ್ದರೆ ಅದರಂತೆ, ಇಲ್ಲದಿದ್ದರೆ ಸಂವಿಧಾನದ 14, 19 ಮತ್ತು 21ನೇ ವಿಧಿಗಳ ಆಧಾರದಲ್ಲೇ ನೌಕರ ಬಡ್ಡಿ ಕೇಳಬಹುದು ಎಂದು 2008ರಲ್ಲಿ ಸುಪ್ರೀಂ ಕೋರ್ಟ್ ಹೇಳಿ, ಪ್ರಕರಣವನ್ನು ಹೈಕೋರ್ಟಿಗೆ ಮರಳಿಸಿತು.

ರಾಜ್ಯ ಸರ್ಕಾರಿ ನೌಕರರು ಹೋಗಬೇಕಾದ ಜಾಗ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ. ಕೋಲಾರ, ಚಿಕ್ಕಬಳ್ಳಾಪುರ, ತುಮಕೂರಿನವರಿಗೆ ಅದರ ಬೆಂಗಳೂರು ಪೀಠ. ಮೊದಲು ಇಲಾಖೆಗೆ ಮನವಿ ಕೊಡಬೇಕು, ಆರು ತಿಂಗಳೊಳಗೆ ಉತ್ತರ ಬಾರದಿದ್ದರೆ ಅಲ್ಲಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ನಿರಾಕರಣೆಯ ಹಿಂಬರಹ ಬಂದಿದ್ದರೆ ಆ ದಿನದಿಂದ ಒಂದು ವರ್ಷ. ಮನವಿಯ ಮೇಲೆ ಮನವಿ ಕೊಡುತ್ತಾ ಹೋದರೆ ಕಾಲಮಿತಿ ಹಿಗ್ಗುವುದಿಲ್ಲ. ಮೊದಲ ಮನವಿಯಲ್ಲೇ ಬಡ್ಡಿಯನ್ನು ಕೇಳಿರಬೇಕು, ಟಪಾಲು ವಿಭಾಗದ ಸ್ವೀಕೃತಿ ಮೊಹರು ಬಿದ್ದ ಪ್ರತಿ ನಿಮ್ಮಲ್ಲಿರಬೇಕು. ದರದ ವಿಷಯದಲ್ಲಿ ಹೆಚ್ಚು ಆಸೆ ಹುಟ್ಟಿಸಲಾರೆ. ಕೋವಿಡ್ ಕಾಲದಲ್ಲಿ ಸಂಬಳ, ಪಿಂಚಣಿಗಳನ್ನು ಮುಂದೂಡಿದ್ದ ಆಂಧ್ರ ಪ್ರದೇಶ ಸರ್ಕಾರದ ಪ್ರಕರಣದಲ್ಲಿ ಹೈಕೋರ್ಟ್ ಶೇಕಡಾ 12 ಬಡ್ಡಿ ವಿಧಿಸಿತ್ತು. 2021ರಲ್ಲಿ ಸುಪ್ರೀಂ ಕೋರ್ಟ್ ಅದನ್ನು ಶೇಕಡಾ 6ಕ್ಕೆ ಇಳಿಸಿತು, ಬಡ್ಡಿ ಸರ್ಕಾರವನ್ನು ದಂಡಿಸುವ ಸಾಧನವಲ್ಲ ಎಂದಿತು. ಆದ್ದರಿಂದ ಅರ್ಜಿಯಲ್ಲಿ ಅಧಿಕಾರಿಗಳ ಮೇಲಿನ ಸಿಟ್ಟನ್ನು ಪುಟಗಟ್ಟಲೆ ಬರೆಯುವುದಕ್ಕಿಂತ, ಯಾವ ದಿನ ಹಣ ಬರಬೇಕಿತ್ತು, ಯಾವ ದಿನ ಬಂತು, ನಡುವಿನ ವಿಳಂಬದಲ್ಲಿ ನನ್ನ ಪಾಲು ಏಕೆ ಇಲ್ಲ ಎಂಬ ಮೂರು ಸಂಗತಿಗಳನ್ನು ದಾಖಲೆಯೊಂದಿಗೆ ಹೇಳುವುದು ಫಲಕಾರಿ.

ಸರ್ಕಾರಿ ನೌಕರರಲ್ಲದವರಿಗೆ ಕಾನೂನು ಹೆಚ್ಚು ಸ್ಪಷ್ಟವಾಗಿದೆ. ಕಾರ್ಖಾನೆಗಳು, ಸಾರಿಗೆ ನಿಗಮಗಳು, ಖಾಸಗಿ ಶಾಲೆಗಳು, ಅಂಗಡಿ ಮುಂಗಟ್ಟುಗಳು ಇವುಗಳಿಗೆ 1972ರ ಗ್ರಾಚ್ಯುಟಿ ಪಾವತಿ ಕಾಯಿದೆ ಅನ್ವಯವಾಗುತ್ತಿತ್ತು. 2025ರ ನವೆಂಬರ್ 21ರಿಂದ ಸಾಮಾಜಿಕ ಭದ್ರತಾ ಸಂಹಿತೆ ಜಾರಿಗೆ ಬಂದು ಈ ಕಾಯಿದೆಯನ್ನು ತನ್ನೊಳಗೆ ಸೇರಿಸಿಕೊಂಡಿದೆಯಾದರೂ, ಮೂವತ್ತು ದಿನಗಳ ಗಡುವು ಮತ್ತು ವಿಳಂಬಕ್ಕೆ ಬಡ್ಡಿ ಎಂಬ ತಳಹದಿ ಬದಲಾಗಿಲ್ಲ. ಈಗ ನಡೆಯುತ್ತಿರುವ ಪ್ರಕರಣಗಳಲ್ಲಿ ಹೆಚ್ಚಿನವು ಹಳೆಯ ಕಾಯಿದೆಯ ಕಾಲದವು. ಆ ಕಾಯಿದೆಯ 7ನೇ ಸೆಕ್ಷನ್‌ನಂತೆ, ನೌಕರ ಅರ್ಜಿ ಕೊಟ್ಟರೂ ಕೊಡದಿದ್ದರೂ, ಮಾಲೀಕ ಮೊತ್ತವನ್ನು ತಾನೇ ಲೆಕ್ಕ ಹಾಕಿ ಮೂವತ್ತು ದಿನದೊಳಗೆ ಪಾವತಿಸಬೇಕು. ತಪ್ಪಿದರೆ ಹಣ ಸಲ್ಲಬೇಕಾದ ದಿನದಿಂದಲೇ ವರ್ಷಕ್ಕೆ ಶೇಕಡಾ 10ರ ಸರಳ ಬಡ್ಡಿ. ಲೆಕ್ಕ ನೋಡಿ: ಕೊನೆಯ ಮೂಲವೇತನ ಮತ್ತು ತುಟ್ಟಿಭತ್ಯೆ ಸೇರಿ 26,000 ರೂಪಾಯಿ, ಸೇವೆ 30 ವರ್ಷ ಎಂದಾದರೆ, 26ರಿಂದ ಭಾಗಿಸಿ 15ರಿಂದ ಮತ್ತು 30ರಿಂದ ಗುಣಿಸಿದಾಗ ಬರುವುದು 4,50,000 ರೂಪಾಯಿ. ಇಪ್ಪತ್ತೆಂಟು ತಿಂಗಳು ತಡವಾದರೆ ಬಡ್ಡಿ 1,05,000 ರೂಪಾಯಿ. ಮಾಲೂರಿನ ಕೈಗಾರಿಕಾ ಪ್ರದೇಶದ ಕಾವಲುಗಾರರೊಬ್ಬರಿಗೆ ಇದು ಸಣ್ಣ ಮೊತ್ತವಲ್ಲ, ಆದರೂ ಬಿಟ್ಟುಬಿಡುವುದು ಇದನ್ನೇ.

ಈ ಬಡ್ಡಿ ಅಧಿಕಾರಿಯ ವಿವೇಚನೆಗೆ ಬಿಟ್ಟದ್ದಲ್ಲ ಎಂದು ತೀರ್ಮಾನವಾದದ್ದು ನಮ್ಮ ರಾಜ್ಯದ ಪ್ರಕರಣದಲ್ಲೇ. ಎಚ್. ಗಂಗಹನುಮೇಗೌಡ ಮತ್ತು ಕರ್ನಾಟಕ ಕೃಷಿ ಕೈಗಾರಿಕೆಗಳ ನಿಗಮದ ನಡುವಿನ ಆ ವ್ಯಾಜ್ಯದಲ್ಲಿ ಹೈಕೋರ್ಟ್ ಬಡ್ಡಿಯನ್ನು ನಿರಾಕರಿಸಿತ್ತು. 2003ರಲ್ಲಿ ಸುಪ್ರೀಂ ಕೋರ್ಟ್, ಬಡ್ಡಿ ಕಡ್ಡಾಯ ಎಂದು ಹೇಳಿ ಶೇಕಡಾ 10ರಂತೆ ಕೊಡಿಸಿತು. ವಿನಾಯಿತಿ ಒಂದೇ: ವಿಳಂಬ ನೌಕರನ ತಪ್ಪಿನಿಂದ ಆಗಿರಬೇಕು, ಜೊತೆಗೆ ಆ ಕಾರಣಕ್ಕಾಗಿ ತಡಮಾಡಲು ಮಾಲೀಕ ಕಾರ್ಮಿಕ ಇಲಾಖೆಯ ನಿಯಂತ್ರಣಾಧಿಕಾರಿಯಿಂದ ಲಿಖಿತ ಅನುಮತಿ ಪಡೆದಿರಬೇಕು. ಎರಡೂ ಇರಬೇಕು. ಅಂಥ ಲಿಖಿತ ಅನುಮತಿಯನ್ನು ಹಾಜರುಪಡಿಸಿದ ಮಾಲೀಕರನ್ನು ನಾನಂತೂ ಕಂಡಿಲ್ಲ. ಕಂಪನಿಯ ನಿಯಮದಲ್ಲೇ ಅವಕಾಶವಿದ್ದು ನಿವೃತ್ತಿಯ ನಂತರವೂ ಶಿಸ್ತು ಕ್ರಮ ಮುಂದುವರಿದಿದ್ದರೆ ಗ್ರಾಚ್ಯುಟಿ ತಡೆಹಿಡಿಯಬಹುದು ಎಂದು 2020ರ ಮಹಾನದಿ ಕೋಲ್‌ಫೀಲ್ಡ್ಸ್ ತೀರ್ಪು ಹೇಳಿದೆ ಎಂಬುದನ್ನು ಮಾತ್ರ ನೆನಪಿಡಿ.

ಹಳೆಯ ಕಾಯಿದೆಯ ಪ್ರಕರಣಗಳಲ್ಲಿ ಮಾಲೀಕನಿಗೆ ಕೊಡುವ ಅರ್ಜಿ ನಮೂನೆ ಐ, ಅವನು ಕೊಡದಿದ್ದರೆ ಕಾರ್ಮಿಕ ಇಲಾಖೆಯ ನಿಯಂತ್ರಣಾಧಿಕಾರಿಗೆ ಸಲ್ಲಿಸುವುದು ನಮೂನೆ ಎನ್. ಇದಕ್ಕೆ ತೊಂಬತ್ತು ದಿನಗಳ ಅವಧಿ ಇದೆ. ಸಾಕಷ್ಟು ಕಾರಣ ತೋರಿಸಿದರೆ ತಡವನ್ನು ಮನ್ನಿಸಲಾಗುತ್ತದೆ. ಇಲ್ಲಿ ಬಾಗಿಲು ತಪ್ಪುವವರು ಬಹಳ. ಒಂದಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ಶಾಖೆ ಇರುವ ಕಂಪನಿಗೆ ಸಂಬಂಧಪಟ್ಟ ಸರ್ಕಾರ ಕೇಂದ್ರ ಸರ್ಕಾರ. ನರಸಾಪುರ, ವೇಮಗಲ್‌ಗಳ ದೊಡ್ಡ ಕಾರ್ಖಾನೆಯಲ್ಲಿ ದುಡಿದವರು ಕೋಲಾರದ ಕಾರ್ಮಿಕ ಕಚೇರಿಯಲ್ಲಿ ಅರ್ಜಿ ಹಾಕಿ, ಒಂದು ವರ್ಷದ ಮೇಲೆ ಅಧಿಕಾರ ವ್ಯಾಪ್ತಿಯ ಆಕ್ಷೇಪ ಬಂದು, ಕೇಂದ್ರ ಕಾರ್ಮಿಕ ಆಯುಕ್ತರ ವ್ಯವಸ್ಥೆಯ ಅಧಿಕಾರಿಯ ಮುಂದೆ ಮತ್ತೆ ಮೊದಲಿನಿಂದ ಆರಂಭಿಸಬೇಕಾದ ಸ್ಥಿತಿ ಬರಬಹುದು. ಆದೇಶ ಬಂದ ಮೇಲೆ ಮಾಲೀಕ ಅರವತ್ತು ದಿನದೊಳಗೆ, ಹೆಚ್ಚೆಂದರೆ ಮತ್ತೆ ಅರವತ್ತು ದಿನದೊಳಗೆ, ಮೇಲ್ಮನವಿ ಸಲ್ಲಿಸಬಹುದು. ಆದರೆ ಗ್ರಾಚ್ಯುಟಿ ಮೊತ್ತವನ್ನು ಠೇವಣಿ ಇಡದೆ ಮೇಲ್ಮನವಿ ಇಲ್ಲ. ಕೊಡದಿದ್ದರೆ ಜಿಲ್ಲಾಧಿಕಾರಿಯ ಮೂಲಕ ಭೂಕಂದಾಯದ ಬಾಕಿಯಂತೆ ವಸೂಲಿಯಾಗುತ್ತದೆ.

ಮಾಲೀಕನೇ ಇಲ್ಲವಾದರೆ? ಈ ಜಿಲ್ಲೆಯಲ್ಲಿ ಈ ಪ್ರಶ್ನೆ ಕಲ್ಪನೆಯದ್ದಲ್ಲ. ಕೆಜಿಎಫ್‌ನ ಚಿನ್ನದ ಗಣಿ ಕಂಪನಿ ಭಾರತ್ ಗೋಲ್ಡ್ ಮೈನ್ಸ್ 2001ರ ಫೆಬ್ರುವರಿ 28ರಂದು ಮುಚ್ಚಿತು, ಕಾರ್ಮಿಕರ ಸಂಘಗಳ ಹೋರಾಟ ಹೈಕೋರ್ಟ್, ಸುಪ್ರೀಂ ಕೋರ್ಟ್‌ಗಳವರೆಗೆ ವರ್ಷಗಟ್ಟಲೆ ನಡೆಯಿತು, ಕ್ವಾರ್ಟರ್ಸ್ ಮನೆಗಳ ಪ್ರಶ್ನೆಯೂ ಬಾಕಿ ಹಣದ ಜೊತೆಗೇ ಬೆಳೆಯಿತು. ಶೇಕಡಾ 10 ಬಡ್ಡಿ ಎಂಬ ನಿಯಮಕ್ಕೆ ಬಲ ಬರುವುದು ಕೊಡುವವನು ಉಳಿದಿದ್ದಾಗ ಮಾತ್ರ. ಕರ್ನಾಟಕ ಸರ್ಕಾರ 2024ರಲ್ಲಿ ಕಡ್ಡಾಯ ಗ್ರಾಚ್ಯುಟಿ ವಿಮಾ ನಿಯಮಗಳನ್ನು ತಂದದ್ದನ್ನು ನಾನು ಮಹತ್ವದ ಹೆಜ್ಜೆ ಎಂದು ಎಣಿಸುವುದು ಇದಕ್ಕಾಗಿಯೇ. ಇನ್ನೂ ಕೆಲಸದಲ್ಲಿರುವ ನಿಮ್ಮ ಮಕ್ಕಳಿಗೆ, ತಮ್ಮ ಕಂಪನಿ ಈ ವಿಮೆ ಮಾಡಿಸಿದೆಯೇ ಎಂದು ಕೇಳಲು ಹೇಳಿ.

ಭವಿಷ್ಯ ನಿಧಿಯ ವಿಷಯವನ್ನು ಚಿಕ್ಕದಾಗಿ ಹೇಳುತ್ತೇನೆ. 1952ರ ಯೋಜನೆಯಡಿ, ಪೂರ್ಣ ದಾಖಲೆಗಳಿರುವ ಕ್ಲೇಮನ್ನು ಇಪ್ಪತ್ತು ದಿನದೊಳಗೆ ಇತ್ಯರ್ಥಪಡಿಸಬೇಕು. ಸಾಕಷ್ಟು ಕಾರಣವಿಲ್ಲದೆ ತಡವಾದರೆ ಶೇಕಡಾ 12ರ ದಂಡಬಡ್ಡಿ ವಿಧಿಸಿ ಅದನ್ನು ಆಯುಕ್ತರ ಸಂಬಳದಿಂದಲೇ ಕಡಿತ ಮಾಡಬಹುದು ಎಂದು ಅದರಲ್ಲಿದೆ. ಇಷ್ಟು ನೇರವಾದ ನಿಯಮ ಸರ್ಕಾರಿ ಪಿಂಚಣಿಗೂ ಇದ್ದಿದ್ದರೆ ಈ ಸಭೆಯ ಅಗತ್ಯವೇ ಬೀಳುತ್ತಿರಲಿಲ್ಲವೇನೋ. ಭವಿಷ್ಯ ನಿಧಿಯ ಸದಸ್ಯ ಗ್ರಾಹಕನೂ ಹೌದು ಎಂದು ಶಿವಕುಮಾರ್ ಜೋಶಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿರುವುದರಿಂದ, ಜಿಲ್ಲಾ ಗ್ರಾಹಕ ಆಯೋಗದಲ್ಲೇ ದೂರು ಕೊಡಬಹುದು. ಸರ್ಕಾರಿ ನೌಕರರು ಇದೇ ದಾರಿ ಹಿಡಿಯಲು ಹೋಗಬೇಡಿ. ಸರ್ಕಾರಿ ನೌಕರ ತನ್ನ ನಿವೃತ್ತಿ ಸೌಲಭ್ಯಕ್ಕಾಗಿ ಗ್ರಾಹಕ ವೇದಿಕೆಗೆ ಬರುವಂತಿಲ್ಲ ಎಂದು 2013ರ ಜಗಮಿತ್ತರ್ ಸೇನ್ ಭಗತ್ ಪ್ರಕರಣದಲ್ಲಿ ತೀರ್ಮಾನವಾಗಿದೆ.

ಉಪನ್ಯಾಸದ ನಂತರ ಬಂದ ಪ್ರಶ್ನೆಗಳಲ್ಲಿ ಎರಡನ್ನು ಇಲ್ಲಿ ಸೇರಿಸುತ್ತಿದ್ದೇನೆ. ಅಸಲಿನ ಚೆಕ್ಕು ಕೊಡುವಾಗ ‘ಎಲ್ಲ ಬಾಬ್ತುಗಳೂ ಸಂಪೂರ್ಣ ಚುಕ್ತಾ ಆಗಿವೆ’ ಎಂಬ ರಸೀದಿಗೆ ಸಹಿ ಕೇಳುತ್ತಾರೆ, ಏನು ಮಾಡಬೇಕು ಎಂದು ಒಬ್ಬರು ಕೇಳಿದರು. ಚೆಕ್ಕನ್ನು ನಿರಾಕರಿಸುವ ಅಗತ್ಯವಿಲ್ಲ. ‘ವಿಳಂಬದ ಬಡ್ಡಿಯ ಹಕ್ಕನ್ನು ಕಾಯ್ದಿರಿಸಿಕೊಂಡು ಪಡೆದಿದ್ದೇನೆ’ ಎಂದು ಕೈಬರಹದಲ್ಲಿ ಬರೆದು, ದಿನಾಂಕ ಹಾಕಿ, ಅದರ ಕೆಳಗೆ ಸಹಿ ಮಾಡಿ. ಬರೆಯಲು ಬಿಡದಿದ್ದರೆ ಅದೇ ದಿನ ಅಥವಾ ಮರುದಿನ ನೋಂದಾಯಿತ ಅಂಚೆಯಲ್ಲಿ ಅದೇ ಮಾತನ್ನು ಕಳುಹಿಸಿ. ಗ್ರಾಚ್ಯುಟಿ ಕಾಯಿದೆಯ 14ನೇ ಸೆಕ್ಷನ್‌ನಂತೆ, ಕಾಯಿದೆಗೆ ವಿರುದ್ಧವಾದ ಒಪ್ಪಂದಕ್ಕೆ ಮನ್ನಣೆ ಇಲ್ಲವಾದ್ದರಿಂದ ಬರಿಯ ರಸೀದಿಯಿಂದ ಬಡ್ಡಿ ಕಳೆದುಹೋಗುವುದಿಲ್ಲ. ಆದರೆ ಸರ್ಕಾರಿ ಪ್ರಕರಣಗಳಲ್ಲಿ ಆ ರಕ್ಷಣೆ ಇಲ್ಲ, ಅಲ್ಲಿ ಈ ಒಂದು ಸಾಲು ಹೆಚ್ಚು ಬೆಲೆಬಾಳುತ್ತದೆ.

ಪ್ರಕರಣ ನಡೆಯುತ್ತಿರುವಾಗಲೇ ಪತಿ ತೀರಿಕೊಂಡರೆ ಎಲ್ಲವೂ ನಿಂತುಹೋಗುತ್ತದೆಯೇ ಎಂದು ಹಿಂದಿನ ಸಾಲಿನಲ್ಲಿದ್ದ ಮಹಿಳೆಯೊಬ್ಬರು ಕೇಳಿದರು. ಹಣದ ಹಕ್ಕು ವಾರಸುದಾರರಿಗೆ ಬರುತ್ತದೆ, ಆ ಹಣಕ್ಕೆ ಅಲ್ಲಿಯವರೆಗೆ ಸೇರಿದ ಬಡ್ಡಿಯೂ ಬರುತ್ತದೆ. ತಡಮಾಡದೆ ಮರಣ ಪ್ರಮಾಣಪತ್ರ ಮತ್ತು ವಂಶವೃಕ್ಷದೊಂದಿಗೆ ಅರ್ಜಿ ಹಾಕಿ ಪ್ರಕರಣದಲ್ಲಿ ವಾರಸುದಾರರ ಹೆಸರು ಸೇರಿಸಬೇಕು. ಕುಟುಂಬ ಪಿಂಚಣಿಯನ್ನು ಮಾತ್ರ ಆ ಪ್ರಕರಣಕ್ಕೆ ತಳಕು ಹಾಕಬೇಡಿ. ಅದು ಪತ್ನಿಯ ಸ್ವಂತ ಹಕ್ಕು, ಅದರ ಅರ್ಜಿ ಬೇರೆ, ಪತಿಯ ವ್ಯಾಜ್ಯ ಮುಗಿಯುವವರೆಗೆ ಅದಕ್ಕಾಗಿ ಕಾಯುತ್ತಾ ಕೂರಬೇಕಾಗಿಲ್ಲ; ತಡವಾಗಿ ಕೇಳಿದರೆ ಹಿಂಬಾಕಿಯನ್ನು ಸಾಮಾನ್ಯವಾಗಿ ಮೂರು ವರ್ಷಕ್ಕೆ ಸೀಮಿತಗೊಳಿಸುವ ಪರಿಪಾಠ 2008ರ ತರಸೇಮ್ ಸಿಂಗ್ ತೀರ್ಪಿನ ನಂತರ ನ್ಯಾಯಾಲಯಗಳಲ್ಲಿ ಇರುವುದರಿಂದ, ಆ ಅರ್ಜಿಯನ್ನು ಮೊದಲ ತಿಂಗಳಲ್ಲೇ ಕೊಡುವುದು ಒಳ್ಳೆಯದು.